ಪಾಲು ಅಳೆಯಲು ಬರುವ ಮೂರನೆಯವ

ಅಣ್ಣತಮ್ಮಂದಿರ ಪಾಲಿನ ದಾವೆಯಲ್ಲಿ ನ್ಯಾಯಾಧೀಶರು ಮೊದಲು ಹೇಳುವುದು ಬರೀ ಭಿನ್ನರಾಶಿಯ ಲೆಕ್ಕ: ಇವನಿಗೆ ಮೂರರಲ್ಲೊಂದು, ಅವನಿಗೆ ಮೂರರಲ್ಲೊಂದು. ಇದು ಪ್ರಾಥಮಿಕ ಡಿಕ್ರಿ. ಬಾವಿ ಇರುವ ಮೂಲೆ ಯಾರಿಗೆ, ರಸ್ತೆ ಕಡೆಯ ಬಾಗಿಲು ಯಾರಿಗೆ ಎಂಬ ಮಾತು ಅದರಲ್ಲಿರುವುದಿಲ್ಲ. ಜಗಳವಿರುವುದು ಮಾತ್ರ ಅಲ್ಲಿಯೇ. ಅದನ್ನು ಸ್ಥಳದಲ್ಲಿ ನೋಡಿ ಹೇಳಲು ನ್ಯಾಯಾಲಯ ಕಳುಹಿಸುವ ವ್ಯಕ್ತಿಯೇ ಕೋರ್ಟ್ ಕಮಿಷನರ್.

ಸ್ಮೃತಿಗಳು ಇಂಥ ಕೆಲಸವನ್ನು ಊರಿನವರಿಗೇ ಬಿಟ್ಟಿದ್ದವು. ಪಾಲಾಗಿಯೇ ಇಲ್ಲವೆಂದು ಒಬ್ಬ ತಕರಾರು ತೆಗೆದರೆ ದಾಯಾದಿಗಳು, ಬಂಧುಗಳು, ಸಾಕ್ಷಿಗಳು ಮತ್ತು ಬರಹದಿಂದ ನಿಜ ತಿಳಿಯಬೇಕು. ಬೇರೆ ಬೇರೆಯಾದ ಮನೆ, ಹೊಲಗಳೂ ಅದಕ್ಕೆ ಗುರುತು ಎನ್ನುತ್ತದೆ ಯಾಜ್ಞವಲ್ಕ್ಯ ಸ್ಮೃತಿ. ಗಡಿಯ ವಿವಾದವಾದರೆ ನೆರೆಹೊರೆಯವರು, ಮುದುಕರು, ದನಗಾಹಿಗಳು, ಗಡಿಯಂಚಿನಲ್ಲಿ ಉಳುವವರು ಮುಂದೆ ಬಂದು ಇದ್ದಿಲು, ಹೊಟ್ಟು, ಮರ, ಹುತ್ತ, ಎಲುಬುಗಳ ಗುರುತಿನಿಂದ ಎಲ್ಲೆ ತೋರಿಸಬೇಕು. ದನ ಮೇಯಿಸುವವನಿಗಿಂತ ಹೊಲದ ಅಂಚು ಬಲ್ಲವರಾದರೂ ಯಾರು? ಈ ಸ್ಮೃತಿಗೆ ವಿಜ್ಞಾನೇಶ್ವರ ಬರೆದ ವ್ಯಾಖ್ಯಾನವೇ 'ಮಿತಾಕ್ಷರ'. ಆತ ಕಲ್ಯಾಣದ ಚಾಲುಕ್ಯ ದೊರೆ ಆರನೆಯ ವಿಕ್ರಮಾದಿತ್ಯನ (1076–1126) ಆಸ್ಥಾನದಲ್ಲಿದ್ದವನು. ದೇಶದ ಬಹುಭಾಗದ ಹಿಂದೂ ವಿಭಾಗ ಕಾನೂನಿಗೆ ಈ ಗ್ರಂಥವೇ ತಳಹದಿಯಾಯಿತು.

ಬ್ರಿಟಿಷರ ಕಾನೂನು ದನಗಾಹಿಯ ಜಾಗಕ್ಕೆ ಅಪರಿಚಿತನನ್ನು ತಂದಿತು. ಈಗಲೂ ಜಾರಿಯಲ್ಲಿರುವ 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ ಪ್ರಕಾರ ಕಂದಾಯ ಕಟ್ಟುವ ಜಮೀನಿನ ವಿಭಾಗ ಜಿಲ್ಲಾಧಿಕಾರಿಗೆ ಸೇರಿದ್ದು. ಮನೆ, ನಿವೇಶನಗಳಂಥವು ಕಮಿಷನರ್ ಪಾಲಿಗೆ. ಸೂಕ್ತವೆನಿಸಿದ ಯಾರನ್ನಾದರೂ ನೇಮಿಸಬಹುದು. ಸಾಮಾನ್ಯವಾಗಿ ಬರುವವರು ವಕೀಲರು. ಖರ್ಚನ್ನು ಕಕ್ಷಿದಾರರೇ ಠೇವಣಿ ಇಡಬೇಕು.

ಅಳತೆ ಸಮವಾದ ಮಾತ್ರಕ್ಕೆ ಬೆಲೆ ಸಮವಾಗದು. ಬೀದಿಗೆ ಮುಖವಿರುವ ಅಂಗಡಿ ಕೋಣೆಗೂ ಹಿತ್ತಿಲ ದನದ ಕೊಟ್ಟಿಗೆಗೂ ಒಂದೇ ಚದರಡಿ ಇರಬಹುದು. ಆದ್ದರಿಂದ ಹೆಚ್ಚು ಬೆಲೆಯ ಪಾಲು ಪಡೆದವನು ಉಳಿದವರಿಗೆ ಹಣ ಕೊಡಬೇಕೆಂದು ಕಮಿಷನರ್ ಹೇಳಬಹುದು. ಹಂಚಲೇ ಬಾರದಷ್ಟು ಚಿಕ್ಕ ಮನೆಯಾದರೆ 1893ರ ವಿಭಾಗ ಕಾಯ್ದೆಯಡಿ ಮಾರಿ ಹಣ ಹಂಚುವ ದಾರಿಯಿದೆ. ವರದಿಗೆ ಆಕ್ಷೇಪಣೆ ಬಂದರೆ ನ್ಯಾಯಾಲಯ ಕೇಳಲೇಬೇಕು. ವರದಿಯನ್ನು ಒಪ್ಪಬಹುದು, ತಿದ್ದಬಹುದು, ತಳ್ಳಿಯೂ ಹಾಕಬಹುದು. ಅಂತಿಮ ಡಿಕ್ರಿ ಅದಾದ ಮೇಲೆಯೇ.

ಈ ಎರಡು ಡಿಕ್ರಿಗಳ ನಡುವೆ ವರ್ಷಗಳೇ ಉರುಳುತ್ತವೆ. ಆಂಧ್ರದ ಒಂದು ಕುಟುಂಬಕ್ಕೆ 1999ರಲ್ಲಿ ಪ್ರಾಥಮಿಕ ಡಿಕ್ರಿಯಾಗಿತ್ತು. ಕಮಿಷನರ್ ವರದಿಯೂ ಬಂದಿತ್ತು. ಅಂತಿಮ ಡಿಕ್ರಿಗೆ ಮುಂಚೆಯೇ, 2005ರ ಸೆಪ್ಟೆಂಬರ್ 9ರಂದು, ಹೆಣ್ಣುಮಕ್ಕಳಿಗೂ ಪಿತ್ರಾರ್ಜಿತ ಆಸ್ತಿಯಲ್ಲಿ ಗಂಡುಮಕ್ಕಳಷ್ಟೇ ಹಕ್ಕು ಕೊಡುವ ತಿದ್ದುಪಡಿ ಜಾರಿಗೆ ಬಂತು. ಇಬ್ಬರು ಹೆಣ್ಣುಮಕ್ಕಳು ಅರ್ಜಿ ಹಾಕಿದರು. ಅಂತಿಮ ಡಿಕ್ರಿಯಾಗುವ ತನಕ ಪಾಲಿನ ಲೆಕ್ಕ ತಿದ್ದಬಹುದೆಂದು ಸುಪ್ರೀಂ ಕೋರ್ಟ್ 2011ರಲ್ಲಿ ಅವರ ಪರ ತೀರ್ಪಿತ್ತಿತು. ವಿಳಂಬದಿಂದ ಲಾಭವಾದ ಅಪರೂಪದ ಪ್ರಕರಣವಿದು.

ಉಳಿದವರಿಗೆ ಅದು ಬರೀ ಕಾಯುವಿಕೆ. ಪ್ರಾಥಮಿಕ ಡಿಕ್ರಿ ಮುಗಿದೊಡನೆ ಕಡತ ಮುಚ್ಚಿ, ಕಕ್ಷಿದಾರ ಮತ್ತೆ ಅರ್ಜಿ ಹಾಕಲೆಂದು ಕೂರಬಾರದು, ವಿಚಾರಣಾ ನ್ಯಾಯಾಲಯವೇ ಮುಂದುವರಿಸಬೇಕು ಎಂದು ಸುಪ್ರೀಂ ಕೋರ್ಟ್ 2022ರಲ್ಲಿ ನಿರ್ದೇಶಿಸಿತು. ಕೊನೆಗೆ ಆ ಡಿಕ್ರಿಯನ್ನು ಛಾಪಾ ಕಾಗದದ ಮೇಲೆ ಬರೆಸಬೇಕು. ಕಮಿಷನರ್ ತಯಾರಿಸಿದ ನಕ್ಷೆ ಸಾಮಾನ್ಯವಾಗಿ ಅದರೊಂದಿಗೇ ಇರುತ್ತದೆ.