ಕೊಳ್ಳೇಗಾಲ ಸೀಮೆಯ ಮತ ಮತ್ತು ಮರುಮತ

1799ರಲ್ಲಿ ಶ್ರೀರಂಗಪಟ್ಟಣ ಪತನಗೊಂಡ ಬಳಿಕ ಕೊಳ್ಳೇಗಾಲವು ಬ್ರಿಟಿಷರ ಮದ್ರಾಸ್ ಪ್ರಾಂತ್ಯದ ಕೊಯಮತ್ತೂರು ಜಿಲ್ಲೆಗೆ ಸೇರಿತು. ನೆರೆಯ ಯಳಂದೂರು 1807ರಲ್ಲಿ ದಿವಾನ್ ಪೂರ್ಣಯ್ಯನವರಿಗೆ ಜಹಗೀರಾಗಿ, ಅಂದರೆ ಸೇವೆಗೆ ಪ್ರತಿಫಲವಾಗಿ ಕೊಟ್ಟ ಭೂಪ್ರದೇಶವಾಗಿ, ಮೈಸೂರು ಸಂಸ್ಥಾನದಲ್ಲೇ ಉಳಿಯಿತು. ಹೀಗಾಗಿ ಮೊದಲ ಸಾರ್ವತ್ರಿಕ ಚುನಾವಣೆಯಲ್ಲಿ ಕೊಳ್ಳೇಗಾಲ ಮತ್ತು ಅಂದು ಅದೇ ತಾಲ್ಲೂಕಿನಲ್ಲಿದ್ದ ಹನೂರಿನ ಕನ್ನಡಿಗರು ಮದ್ರಾಸ್ ವಿಧಾನಸಭೆಗೂ, ಯಳಂದೂರಿನವರು ಮೈಸೂರು ವಿಧಾನಸಭೆಗೂ ಮತ ನೀಡಿದರು. ಆಗ ಪ್ರತಿ ಅಭ್ಯರ್ಥಿಗೂ ಪ್ರತ್ಯೇಕ ಮತಪೆಟ್ಟಿಗೆಯಿದ್ದು, ಓದುಬರಹ ಬಾರದವರೂ ಅದರ ಮೇಲಿನ ಚಿಹ್ನೆಯನ್ನು ಗುರುತಿಸಿ, ಯಾವ ಗುರುತನ್ನೂ ಹಾಕದ ಮತಪತ್ರವನ್ನು ಅದರೊಳಗೆ ಇಳಿಬಿಡುತ್ತಿದ್ದರು. 1956ರ ನವೆಂಬರ್ 1ರಂದು ರಾಜ್ಯಗಳ ಪುನರ್ವಿಂಗಡಣೆಯಾದಾಗ ಕೊಳ್ಳೇಗಾಲ ಮೈಸೂರು ರಾಜ್ಯಕ್ಕೆ ಸೇರಿತು.

ಯಳಂದೂರು ಮತ್ತು ಕೊಳ್ಳೇಗಾಲ 2008ರ ಕ್ಷೇತ್ರ ಪುನರ್ವಿಂಗಡಣೆಯಲ್ಲಿ ಪರಿಶಿಷ್ಟ ಜಾತಿಗೆ ಮೀಸಲಾದ ಒಂದೇ ಕ್ಷೇತ್ರದೊಳಗೆ ಬಂದವು. ಹನೂರು ಬೇರೆ ಕ್ಷೇತ್ರವಾಗಿಯೇ ಉಳಿಯಿತು. ಆ ವರ್ಷ ಕೊಳ್ಳೇಗಾಲದಲ್ಲಿ ಕಾಂಗ್ರೆಸ್ಸಿನಿಂದ ಗೆದ್ದ ಆರ್. ಧ್ರುವನಾರಾಯಣ 2009ರಲ್ಲಿ ಚಾಮರಾಜನಗರದಿಂದ ಲೋಕಸಭೆಗೆ ಆಯ್ಕೆಯಾದುದರಿಂದ, ತೆರವಾದ ಸ್ಥಾನವನ್ನು ಅವಧಿಯ ನಡುವೆಯೇ ತುಂಬುವ ಉಪಚುನಾವಣೆ ಅನಿವಾರ್ಯವಾಯಿತು. ಕಾಂಗ್ರೆಸ್ ಆ ಸ್ಥಾನವನ್ನು ಉಳಿಸಿಕೊಳ್ಳಲಾಗದೆ, ರಾಜ್ಯದಲ್ಲಿ ಅಧಿಕಾರದಲ್ಲಿದ್ದ ಭಾರತೀಯ ಜನತಾ ಪಕ್ಷದ ಜಿ.ಎನ್. ನಂಜುಂಡಸ್ವಾಮಿ ಗೆದ್ದರು. ಒಂದೂವರೆ ಶತಮಾನ ಎರಡು ಆಳ್ವಿಕೆಗಳಲ್ಲಿ ಹಂಚಿಹೋಗಿದ್ದ ಈ ಸೀಮೆಯ ಜನರಿಗೆ ಒಂದೇ ಮತಗಟ್ಟೆಯ ಸಾಲು ದೊಡ್ಡ ಗಳಿಕೆ. ಯಾವ ಸ್ಥಾನವೂ ಯಾವ ಪಕ್ಷದ ಆಸ್ತಿಯೂ ಅಲ್ಲವೆಂಬುದನ್ನು ಅವರ ಮರುಮತವೇ ಸ್ಥಾಪಿಸಿತು.