ರಂಗಭೂಮಿಯಿಂದ ಮಾಲ್ಗುಡಿಗೆ

ಕಮಲಾಪುರದ ಬಸ್ ನಿಲ್ದಾಣದಲ್ಲಿ ಇಳಿದು, ಕೆಂಪು ಬಾಳೆಹಣ್ಣಿನ ಗಾಡಿಗಳನ್ನು ದಾಟಿ ನಮ್ಮ ಶಾಲೆಯ ಕಡೆಗೆ ಹೊರಟರೆ ದಾರಿಯ ಬದಿಗೆ ಆಟೋರಿಕ್ಷಾಗಳು ಸಾಲಾಗಿ ನಿಂತಿರುತ್ತವೆ. ಅವುಗಳಲ್ಲಿ ಒಂದೆರಡರ ಬೆನ್ನಿನ ಮೇಲೆ ಗಡ್ಡದ ತರುಣನೊಬ್ಬನ ಚಿತ್ರವಿದೆ. ಕಲಬುರಗಿ ನಗರಕ್ಕೆ ಬಂದರೂ ಇದೇ ಮುಖ, ಬೆಂಗಳೂರಿಗೆ ಹೋದರೂ ಇದೇ ಮುಖ. ಶಂಕರನಾಗ್ ಅವರದೆಂದು ವಾಚಕರು ಆಗಲೇ ಊಹಿಸಿರಬಹುದು. ಅವರು ತೀರಿಕೊಂಡು ಮೂರು ದಶಕಗಳ ಮೇಲಾಯಿತು. ಅವರ ಚಿತ್ರಗಳನ್ನು ಚಿತ್ರಮಂದಿರದಲ್ಲಿ ನೋಡಿದ ಪೀಳಿಗೆಗೆ ಈಗ ತಲೆ ನರೆತಿದೆ. ಆದರೂ ಈ ಬಣ್ಣ ಮಾಸಿಲ್ಲ. ಮಾಸಿದರೆ ಆಟೋದವರು ಮತ್ತೆ ಬಳಿಸುತ್ತಾರೆ.

ಕಳೆದ ವರ್ಷ ಒಂಬತ್ತನೆಯ ತರಗತಿಯಲ್ಲಿ ನಾಟಕದ ಪಾಠ ಮಾಡುತ್ತ, ಆಂಗಿಕ, ವಾಚಿಕ, ಆಹಾರ್ಯ, ಸಾತ್ತ್ವಿಕವೆಂಬ ನಾಲ್ಕು ಬಗೆಯ ಅಭಿನಯಗಳನ್ನು ವಿವರಿಸಿ, ಉದಾಹರಣೆಗೆಂದು ಶಂಕರನಾಗ್ ಅವರ ಹೆಸರೆತ್ತಿದೆ. ಹಿಂದಿನ ಬೆಂಚಿನಿಂದ ಒಬ್ಬ ಹುಡುಗ, "ಅವ್ರು ಆಟೋ ರಾಜಾ ಅಲ್ರಿ ಸರ್? ನಾಟಕದಾಗ ಎಲ್ಲಿ ಬಂದ್ರು?" ಎಂದು ಕೇಳಿದ. ಅವನ ತಂದೆ ಆಟೋ ನಡೆಸುವವರು. ಪ್ರಶ್ನೆಯಲ್ಲಿ ತಪ್ಪೇನೂ ಇರಲಿಲ್ಲ. "ಆಟೋ ರಾಜಾ" 1980ರ ಚಿತ್ರ; ಅವರನ್ನು ಆಟೋದವರ ಮನೆಯ ಮಗನನ್ನಾಗಿ ಮಾಡಿದ್ದು ಅದೇ. ಆದರೆ ಈ ಮನುಷ್ಯನ ಬೇರು ಇದ್ದದ್ದು ರಂಗಭೂಮಿಯಲ್ಲಿ. ಅವರು ಬಿಟ್ಟುಹೋದವುಗಳಲ್ಲಿ ಹೆಚ್ಚು ಕಾಲ ಬಾಳುವದು ದೂರದರ್ಶನಕ್ಕಾಗಿ ಮಾಡಿದ ಕೆಲಸವೆಂದು ನನ್ನ ತಿಳಿವಳಿಕೆ. ಆ ಹುಡುಗನಿಗೆ ಅಂದು ಗಂಟೆ ಹೊಡೆದದ್ದರಿಂದ ಪೂರ್ತಿ ಹೇಳಲಾಗದ ಉತ್ತರವನ್ನು ಇಲ್ಲಿ ಬರೆಯುತ್ತಿದ್ದೇನೆ.

ಶಂಕರನಾಗ್ ಹುಟ್ಟಿದ್ದು 1954ರ ನವೆಂಬರ್ 9ರಂದು, ಉತ್ತರ ಕನ್ನಡದ ಹೊನ್ನಾವರದಲ್ಲಿ. ಮನೆತನದ ಹೆಸರು ನಾಗರಕಟ್ಟೆ. ಅಣ್ಣ ಅನಂತನಾಗ್ ಅವರಂತೆ ಇವರೂ ಮುಂಬಯಿಗೆ ಹೋದರು. ಅಲ್ಲಿ ಬ್ಯಾಂಕಿನ ನೌಕರಿ ಹಿಡಿದರು. ಸಂಜೆಯ ಹೊತ್ತನ್ನು ನಾಟಕಕ್ಕೆ ಒಪ್ಪಿಸಿದರು. ಅವರು ರಂಗವಿದ್ಯೆಯನ್ನು ಕಲಿತದ್ದು ಮುಖ್ಯವಾಗಿ ಮರಾಠಿ ರಂಗಭೂಮಿಯಲ್ಲಿ. ಮುಂದೆ ಬಾಳಸಂಗಾತಿಯಾದ ಅರುಂಧತಿಯವರ ಪರಿಚಯವಾದದ್ದೂ ಅಲ್ಲಿಯ ನಾಟಕಗಳ ಓಡಾಟದಲ್ಲಿಯೇ.

ಇಲ್ಲಿ ಒಂದು ಕ್ಷಣ ಹಿಂದಿರುಗಿ ನೋಡುವದು ಲೇಸು. ಕನ್ನಡದ ಹುಡುಗ ಮರಾಠಿ ರಂಗದಲ್ಲಿ ಅಭಿನಯ ಕಲಿತನೆಂದರೆ ನಮ್ಮಲ್ಲಿ ಕೆಲವರು ಮೂಗು ಮುರಿಯುವರು. ಇದು ಹಳೆಯ ಕೊಡುಕೊಳೆಯ ಮಾತು. 1842ರಲ್ಲಿ ಉತ್ತರ ಕನ್ನಡದ ಕಡೆಯ ಭಾಗವತರ ಮೇಳವೊಂದು ಸಾಂಗಲಿಗೆ ಹೋಗಿ ಅಲ್ಲಿಯ ಸಂಸ್ಥಾನಿಕರೆದುರು ಆಟವಾಡಿತು. ಅದನ್ನು ಕಂಡ ಸಂಸ್ಥಾನಿಕರು ತಮ್ಮ ಆಶ್ರಯದಲ್ಲಿದ್ದ ವಿಷ್ಣುದಾಸ ಭಾವೆಯವರಿಗೆ ಮರಾಠಿಯಲ್ಲಿಯೂ ಇಂಥದೊಂದು ಆಗಲೆಂದು ಸೂಚಿಸಿದರು. 1843ರಲ್ಲಿ "ಸೀತಾಸ್ವಯಂವರ" ರಂಗಕ್ಕೆ ಬಂದಿತು. ಮರಾಠಿ ನಾಟಕದ ಇತಿಹಾಸಕಾರರು ತಮ್ಮ ರಂಗಭೂಮಿಯ ಆರಂಭವನ್ನು ಅಲ್ಲಿಂದಲೇ ಎಣಿಸುತ್ತಾರೆ. ಆ ಮೇಳ ಹೊನ್ನಾವರದ ಮಗ್ಗುಲಲ್ಲಿರುವ ಕರ್ಕಿಯದೆಂದು ಪ್ರತೀತಿ. ಮುಂದೆ ಮರಾಠಿ ಸಂಗೀತ ನಾಟಕಗಳು ನಮ್ಮ ಧಾರವಾಡ, ಬೆಳಗಾವಿ, ಗದಗಗಳಿಗೆ ಬಂದು, ಅವುಗಳ ಸ್ಪರ್ಧೆಯಿಂದ ಕನ್ನಡದ ಕಂಪನಿಗಳು ಎದ್ದವು. ಹೀಗೆ ಹೊನ್ನಾವರದ ನೆಲದಿಂದ ಹೋದದ್ದನ್ನು ಹೊನ್ನಾವರದ ಹುಡುಗನೊಬ್ಬ ನೂರಮೂವತ್ತು ವರ್ಷಗಳ ತರುವಾಯ ಬಡ್ಡಿ ಸಹಿತ ತಿರುಗಿ ತಂದನೆನ್ನಬಹುದು.

ತಿರುಗಿ ತಂದದ್ದು ಗಿರೀಶ ಕಾರ್ನಾಡರ ಕರೆಯಿಂದ. 1978ರ "ಒಂದಾನೊಂದು ಕಾಲದಲ್ಲಿ" ಚಿತ್ರದಲ್ಲಿ ಕಾರ್ನಾಡರು ಅವರಿಗೆ ಗಂಡುಗಲಿಯೆಂಬ ಕೂಲಿಯೋಧನ ಪಾತ್ರವನ್ನು ಕೊಟ್ಟರು. ದಾಯಾದಿಗಳಾದ ಇಬ್ಬರು ಪಾಳೆಯಗಾರರ ನಡುವೆ ಖಡ್ಗವನ್ನು ಮಾರಿ ಬದುಕುವವನ ಕಥೆ ಅದು. ಇದಿರಾಳಿ ಪೆರ್ಮಾಡಿಯಾಗಿ ಸುಂದರಕೃಷ್ಣ ಅರಸರು. ಚಿತ್ರವನ್ನು ನೋಡಿದವರು ಶಂಕರನಾಗ್ ನಿಲ್ಲುವ ಬಗೆಯನ್ನು ಮರೆಯಲಾರರು. ಮಾತು ಕಡಿಮೆ; ಕಾಲೂರಿ ನಿಂತ ಶರೀರವೇ ಮಾತನಾಡುತ್ತದೆ. ಆಂಗಿಕವೆಂದು ನಾನು ಹುಡುಗರಿಗೆ ಹೇಳುವದು ಇದನ್ನೇ. ಭಾರತದ ಅಂತರರಾಷ್ಟ್ರೀಯ ಚಿತ್ರೋತ್ಸವದಲ್ಲಿ ಅವರಿಗೆ ಶ್ರೇಷ್ಠ ನಟನೆಂಬ ಪ್ರಶಸ್ತಿ ಬಂದಿತು. ಮೊದಲ ಕನ್ನಡ ಚಿತ್ರಕ್ಕೇ ಅಷ್ಟು ಎತ್ತರ.

ಅಲ್ಲಿಂದ ಮುಂದೆ ಹನ್ನೆರಡು ವರ್ಷಗಳಲ್ಲಿ ಎಂಬತ್ತಕ್ಕೂ ಹೆಚ್ಚು ಚಿತ್ರಗಳು. ಇವುಗಳಲ್ಲಿ ಬಹಳಷ್ಟನ್ನು ಹೊಡೆದಾಟದ ಚಿತ್ರಗಳೆಂದು ಒಂದೇ ಗಂಟಿನಲ್ಲಿ ಕಟ್ಟಿ ಅಟ್ಟದ ಮೇಲಿಟ್ಟರೂ ನಷ್ಟವಿಲ್ಲ, ಅಭಿಮಾನಿಗಳು ಕ್ಷಮಿಸಬೇಕು. ಅವರೇ ನಿರ್ದೇಶಿಸಿದ "ಮಿಂಚಿನ ಓಟ" (1980), "ಆಕ್ಸಿಡೆಂಟ್" (1985) ಇವುಗಳ ಮಾತು ಬೇರೆ. ಪಾದಚಾರಿ ಮಾರ್ಗದಲ್ಲಿ ಮಲಗಿದವರ ಮೇಲೆ ಶ್ರೀಮಂತರ ಮಗ ಕಾರು ಹಾಯಿಸಿದ ಕಥೆಯುಳ್ಳ ಎರಡನೆಯದಕ್ಕೆ ರಾಷ್ಟ್ರಪ್ರಶಸ್ತಿ ದೊರೆಯಿತು.

ಆ ಹೊಡೆದಾಟದ ಚಿತ್ರಗಳಿಂದ ಬಂದ ಹಣ ಎಲ್ಲಿಗೆ ಹೋಯಿತೆಂಬುದನ್ನು ಆಟೋದ ಬೆನ್ನಿನ ಚಿತ್ರ ಹೇಳುವದಿಲ್ಲ. ಬೆಂಗಳೂರಿಗೆ ಬಂದು ನೆಲೆಯೂರುತ್ತಲೇ ಅವರು ಅರುಂಧತಿಯವರೊಡನೆ "ಸಂಕೇತ್" ಎಂಬ ನಾಟಕ ತಂಡವನ್ನು ಕಟ್ಟಿದರು. ಕಾರ್ನಾಡರ "ಅಂಜುಮಲ್ಲಿಗೆ", ಮರಾಠಿಯ ಜಯವಂತ ದಳವಿಯವರ "ಬ್ಯಾರಿಸ್ಟರ್" ಮತ್ತು "ಸಂಧ್ಯಾಛಾಯಾ", "ಆಟ ಬೊಂಬಾಟ", "ನೋಡಿ ಸ್ವಾಮಿ ನಾವಿರೋದು ಹೀಗೆ", ಕಡೆಗೆ ಕಾರ್ನಾಡರ "ನಾಗಮಂಡಲ" ಇವು ಆ ತಂಡದಿಂದ ರಂಗಕ್ಕೆ ಬಂದವು. ಹಗಲು ಕ್ಯಾಮರಾದ ಮುಂದೆ ನಿಂತು, ಸಂಜೆ ತಾಲೀಮಿಗೆ ಓಡಿಬರುವ ನಾಯಕನಟ ಕನ್ನಡಕ್ಕೆ ಹೊಸಬ. ಚಿತ್ರದಲ್ಲಿ ಹೆಸರು ಬಂದ ಮೇಲೆ ರಂಗವನ್ನು ಮೆಟ್ಟಿಲೆಂದು ಬಗೆದು ತುಳಿದು ಹೋದವರನ್ನು ನಾವು ಬಲ್ಲೆವು. ಇವರು ಮೆಟ್ಟಿಲ ಬಳಿಗೇ ಮತ್ತೆ ಮತ್ತೆ ಬಂದರು.

ಇನ್ನು ದೂರದರ್ಶನ. ಇದನ್ನು ಹೇಳುವಾಗ ಕಲಬುರಗಿಯವನಾದ ನನಗೆ ತುಸು ಅಭಿಮಾನ. ಕಾರಣ, ಬೆಂಗಳೂರಿಗಿಂತ ಮೊದಲು ದೂರದರ್ಶನವನ್ನು ಕಂಡವರು ನಾವು. 1975ರ ಆಗಸ್ಟ್ 1ರಿಂದ 1976ರ ಜುಲೈ 31ರವರೆಗೆ ಅಮೆರಿಕದಿಂದ ಎರವಲು ಪಡೆದ ಉಪಗ್ರಹದ ಮೂಲಕ ದೇಶದ ಆರು ರಾಜ್ಯಗಳ 2400 ಹಳ್ಳಿಗಳಿಗೆ ಕಾರ್ಯಕ್ರಮಗಳನ್ನು ಕಳಿಸುವ ಪ್ರಯೋಗ ನಡೆಯಿತು. ಕರ್ನಾಟಕದಲ್ಲಿ ಅದಕ್ಕೆ ಆಯ್ದದ್ದು ಕಲಬುರಗಿ, ವಿಜಯಪುರ, ರಾಯಚೂರು ಜಿಲ್ಲೆಗಳನ್ನು. ನನಗಾಗ ಐದಾರು ವರ್ಷ. ಸೋದರಮಾವನ ಹಳ್ಳಿಯಲ್ಲಿ ಮಾಳಿಗೆಯ ಮೇಲೆ ಕೋಳಿಗೂಡಿನ ಜಾಲರಿಯಂಥ ತಂತಿಯಿಂದ ಹೆಣೆದ, ಹತ್ತಡಿ ಅಗಲದ ತಟ್ಟೆಯೊಂದು ಆಕಾಶದ ಕಡೆ ಬಾಯ್ದೆರೆದು ಕುಳಿತಿತ್ತು. ಸಂಜೆಯಾದರೆ ಊರೆಲ್ಲ ಪೆಟ್ಟಿಗೆಯ ಮುಂದೆ. ಬೇಸಾಯದ ಮಾತು, ಆರೋಗ್ಯದ ಮಾತು, ನಡುನಡುವೆ ಹಾಡು. ಮಾವ ಅದನ್ನು "ಬಯಲಾಟದ ಪೆಟಗಿ" ಎಂದು ಕರೆಯುತ್ತಿದ್ದರು. ಪ್ರಯೋಗ ಮುಗಿದೊಡನೆ ಚಿತ್ರಗಳು ನಿಂತುಹೋದವು. ಆದರೆ 1977ರಲ್ಲಿ ಕಲಬುರಗಿಯಲ್ಲಿಯೇ ದೂರದರ್ಶನ ಕೇಂದ್ರ ಪ್ರಾರಂಭವಾಯಿತು. ಬೆಂಗಳೂರಿಗೆ ಅದು ಬಂದದ್ದು 1981ರಲ್ಲಿ. 1966ರಲ್ಲಿ ಆರಂಭವಾದ ಇಲ್ಲಿಯ ಆಕಾಶವಾಣಿಯಿಂದ ಕಿವಿಗೆ ನಾಟಕದ ರುಚಿ ಹತ್ತಿತ್ತು. ಈಗ ಕಣ್ಣಿಗೂ ಹತ್ತಿತು.

ಹತ್ತು ವರ್ಷಗಳ ತರುವಾಯ, ನಾನು ಕಲಬುರಗಿಯಲ್ಲಿ ಕಾಲೇಜಿನ ಹುಡುಗನಾಗಿದ್ದಾಗ, ಅದೇ ಪೆಟ್ಟಿಗೆಯಲ್ಲಿ "ಮಾಲ್ಗುಡಿ ಡೇಸ್" ಬಂದಿತು. ಆರ್. ಕೆ. ನಾರಾಯಣರ ಕಥೆಗಳನ್ನು ಆಧರಿಸಿ ಶಂಕರನಾಗ್ ನಿರ್ದೇಶಿಸಿದ್ದು ಒಟ್ಟು 39 ಕಂತುಗಳು. ನಿರ್ಮಾಪಕರು ಟಿ. ಎಸ್. ನರಸಿಂಹನ್, ಛಾಯಾಗ್ರಹಣ ಎಸ್. ರಾಮಚಂದ್ರ ಅವರದು; ಸಂಗೀತ ಎಲ್. ವೈದ್ಯನಾಥನ್ ಅವರದು; ಆರಂಭದ ರೇಖಾಚಿತ್ರಗಳು ನಾರಾಯಣರ ತಮ್ಮ ಆರ್. ಕೆ. ಲಕ್ಷ್ಮಣರವು. ಭಾಷೆ ಹಿಂದಿ. ದಖನಿ ಉರ್ದು ಕೇಳಿ ಬೆಳೆದ ನಮ್ಮೂರಿನ ಕಿವಿಗಳಿಗೆ ಅದೇನೂ ತೊಡಕಾಗಲಿಲ್ಲ. ನಮ್ಮ ಓಣಿಯಲ್ಲಿ ಟಿ.ವಿ. ಇದ್ದದ್ದು ಒಂದೇ ಮನೆಯಲ್ಲಿ. ಬಾಗಿಲ ಹೊರಗೆ ಚಪ್ಪಲಿಗಳ ರಾಶಿ ನೋಡಿಯೇ ಕಾರ್ಯಕ್ರಮ ಆರಂಭವಾಯಿತೋ ಇಲ್ಲವೋ ಎಂದು ತಿಳಿಯುತ್ತಿತ್ತು.

ಮಾಲ್ಗುಡಿಯೆಂಬ ಊರು ಭೂಪಟದಲ್ಲಿಲ್ಲ. ಅದು ಕಥೆಗಾರರ ಕಲ್ಪನೆ. ಶಂಕರನಾಗ್ ಅದಕ್ಕೆ ಮಣ್ಣು, ಹೆಂಚು, ಮಳೆ ಎಲ್ಲವನ್ನೂ ಕೊಟ್ಟರು, ಅದೂ ಕರ್ನಾಟಕದ ನೆಲದಲ್ಲಿ. ತೀರ್ಥಹಳ್ಳಿ ತಾಲೂಕಿನ ಆಗುಂಬೆಯೇ ಮಾಲ್ಗುಡಿಯಾಯಿತು. ಅಲ್ಲಿಯ ದೊಡ್ಡಮನೆ ಸ್ವಾಮಿಯ ಮನೆಯಾಯಿತು. ಶಿವಮೊಗ್ಗೆಯ ಬಳಿಯ ಅರಸಾಳು ನಿಲ್ದಾಣ ಮಾಲ್ಗುಡಿಯ ರೈಲು ನಿಲ್ದಾಣವಾಯಿತು. ಸ್ವಾಮಿಯಾದವನು ಮಾಸ್ಟರ್ ಮಂಜುನಾಥ. ತಂದೆಯಾದವರು ಗಿರೀಶ ಕಾರ್ನಾಡ. ತಾಯಿ ವೈಶಾಲಿ ಕಾಸರವಳ್ಳಿ. ಮಿಠಾಯಿ ವ್ಯಾಪಾರಿ ಜಗನ್ ಆದವರು ಅನಂತನಾಗ್. ಈ ಹೆಸರುಗಳನ್ನು ಮತ್ತೊಮ್ಮೆ ಓದಿರಿ. ಕನ್ನಡ ರಂಗಭೂಮಿಯ ಜನವೇ ಕಾಣುತ್ತಾರೆ. ಸಂಕೇತ್ ತಂಡದ ಒಡನಾಡಿ ರಮೇಶ ಭಟ್ಟರೂ ಜತೆಗಿದ್ದರು.

ನಾಟಕ ಕಲಿತವರ ಕೈಯೆಂಬುದು ಆ ಕಂತುಗಳಲ್ಲಿ ಹೇಗೆ ತಿಳಿಯುತ್ತದೆ? ನನಗೆ ತೋರಿದ್ದನ್ನು ಹೇಳುತ್ತೇನೆ. ಒಂದೊಂದು ಕಂತಿಗೂ ಅರ್ಧ ಗಂಟೆಯೊಳಗಿನ ಕಾಲ. ಅಷ್ಟರಲ್ಲಿ ಒಬ್ಬ ಅಂಚೆಯವನನ್ನೋ ಜ್ಯೋತಿಷಿಯನ್ನೋ ಪೂರ್ತಿ ಮನುಷ್ಯನಾಗಿ ನಿಲ್ಲಿಸಬೇಕು. ಇಲ್ಲಿ ಹಿನ್ನೆಲೆಯ ವೈಭವದ ಆಶ್ರಯವಿಲ್ಲ. ನಟನೊಬ್ಬ ಕೊಡೆ ಮಡಚುವ ರೀತಿ, ಚಾಳೀಸು ಒರೆಸಿಕೊಳ್ಳುವ ರೀತಿ, ಪ್ರಶ್ನೆಗೆ ಉತ್ತರ ಕೊಡುವ ಮೊದಲು ಸುಮ್ಮನಿರುವ ರೀತಿ, ಇವುಗಳಿಂದಲೇ ಕಥೆ ಸಾಗುತ್ತದೆ. ರಂಗದ ಮೇಲಿನ ದೊಡ್ಡ ದನಿಯನ್ನು ತಗ್ಗಿಸಿ, ತಾಲೀಮಿನ ಶಿಸ್ತನ್ನು ಮಾತ್ರ ಉಳಿಸಿಕೊಂಡು ಚಿಕ್ಕ ಪರದೆಗೆ ಒಯ್ದರು. ಹೊಡೆದಾಟದ ಚಿತ್ರಗಳಲ್ಲಿ ಮುಷ್ಟಿ ಎತ್ತಿದ ಮನುಷ್ಯನೇ ಇದನ್ನು ಮಾಡಿದನೆಂಬುದನ್ನು ನಮ್ಮ ಓಣಿಯ ಹಿರಿಯರೊಬ್ಬರು ಕಡೆತನಕ ನಂಬಲಿಲ್ಲ. "ಅಂವಾ ಬ್ಯಾರೆ ಶಂಕರನಾಗ್ ಇರಬೇಕು ಬಿಡಪಾ," ಎನ್ನುತ್ತಿದ್ದರು.

1990ರ ಸೆಪ್ಟೆಂಬರ್ 30, ರವಿವಾರ. "ಜೋಕುಮಾರಸ್ವಾಮಿ" ಚಿತ್ರದ ಕೆಲಸಕ್ಕೆಂದು ಪತ್ನಿ ಮತ್ತು ಚಿಕ್ಕ ಮಗಳೊಡನೆ ಕಾರಿನಲ್ಲಿ ಉತ್ತರದ ಕಡೆ ಹೊರಟಿದ್ದಾಗ, ದಾವಣಗೆರೆಯ ಬಳಿ ಆನಗೋಡಿನಲ್ಲಿ ಬೆಳಗಿನ ಜಾವ ಲಾರಿಗೆ ಡಿಕ್ಕಿಯಾಗಿ ಶಂಕರನಾಗ್ ಮೃತರಾದರು. ಮೂವತ್ತಾರು ತುಂಬಲು ಇನ್ನೂ ನಲವತ್ತು ದಿನಗಳಿದ್ದವು. ನಾನು ಸುದ್ದಿ ಕೇಳಿದ್ದು ರೇಡಿಯೋದಲ್ಲಿ. ಅವ್ವ ರೊಟ್ಟಿ ಬಡಿಯುತ್ತಿದ್ದವಳು ಕೈ ನಿಲ್ಲಿಸಿ, "ಆ ಸ್ವಾಮಿ ಹುಡುಗನ್ನ ತೋರ್ಸಿದಾಂವೇನು?" ಎಂದು ಕೇಳಿದಳು. ಅವಳಿಗೆ ಆಟೋ ರಾಜನ ಪರಿಚಯ ಇರಲಿಲ್ಲ.

ಆ ಅಪಘಾತದಲ್ಲಿ ತೀವ್ರವಾಗಿ ಗಾಯಗೊಂಡ ಅರುಂಧತಿಯವರು ಗುಣಹೊಂದಿ ಮತ್ತೆ ರಂಗಕ್ಕೆ ಬಂದರು. ಒಳ್ಳೆಯ ರಂಗಮಂದಿರವೊಂದು ಬೇಕೆಂಬುದು ಗಂಡಹೆಂಡಿರಿಬ್ಬರ ಹಳೆಯ ಆಸೆ. ಮನೆಮನೆಗೆ, ಕಚೇರಿ ಕಚೇರಿಗೆ ಅಲೆದು ಹಣ ಕೂಡಿಸಿ, 2004ರಲ್ಲಿ ಬೆಂಗಳೂರಿನ ಜಯಪ್ರಕಾಶನಗರದಲ್ಲಿ "ರಂಗಶಂಕರ"ದ ಬಾಗಿಲನ್ನು ತೆರೆದರು. ಸೋಮವಾರವೊಂದನ್ನು ಬಿಟ್ಟು ದಿನವೂ ನಾಟಕವೆಂಬುದು ಅಲ್ಲಿಯ ಪದ್ಧತಿ. ಹೊತ್ತಿಗೆ ಸರಿಯಾಗಿ ಬಾಗಿಲು ಮುಚ್ಚುತ್ತದೆ. ಆಮೇಲೆ ಬಂದವರು ಯಾರೇ ಆಗಲಿ ಹೊರಗೇ. ಬೇಸಿಗೆಯ ರಜೆಯಲ್ಲಿ ನಾನೊಮ್ಮೆ ಹೋಗಿ, ನಗರದ ವಾಹನಸಂದಣಿಯಲ್ಲಿ ಸಿಕ್ಕಿ, ಹೊರಗೆ ಉಳಿದವರಲ್ಲಿ ಒಬ್ಬನಾದೆ. ಕೋಪ ಬಂದದ್ದು ನಿಜ. ಮೆಟ್ಟಿಲ ಮೇಲೆ ಕುಳಿತು ಚಹಾ ಕುಡಿದು, ಮರುದಿನ ಒಂದು ಗಂಟೆ ಮೊದಲೇ ಹೋದೆ. ಇತ್ತ 2020ರಲ್ಲಿ ಅರಸಾಳು ನಿಲ್ದಾಣದ ಹಳೆಯ ಕಟ್ಟಡವನ್ನು ರೈಲ್ವೆಯವರು ಮಾಲ್ಗುಡಿ ವಸ್ತುಸಂಗ್ರಹಾಲಯವನ್ನಾಗಿ ಮಾಡಿದ್ದಾರೆ.

ಹಿಂದಿನ ಬೆಂಚಿನ ಆ ಹುಡುಗನಿಗೆ ಮಾತಿನಲ್ಲಿ ಉತ್ತರ ಹೇಳಿ ಮುಗಿಯದೆಂದು ಕಂಡು, ಒಂದು ಶನಿವಾರ ಶಾಲೆಯ ಪರದೆಯ ಮೇಲೆ ಸ್ವಾಮಿಯ ಕಂತೊಂದನ್ನು ತೋರಿಸಿದೆ. ಚಿತ್ರ ಮುಗಿದರೂ ಹುಡುಗರು ಏಳಲಿಲ್ಲ. ಹೊರಗೆ ಬಂದು ಆಟೋಗಳ ಸಾಲಿನ ಹತ್ತಿರ ನಾನು ಬಸ್ಸಿಗೆ ಕಾಯುತ್ತಿರುವಾಗ ಅವನು ಓಡಿಬಂದು ಕೇಳಿದ:

"ಸರ್, ಆಗುಂಬಿ ಇಲ್ಲಿಂದ ಎಷ್ಟ್ ದೂರ ಅದರಿ?"

"ಒಂದು ರಾತ್ರಿ, ಮೇಲೆ ಅರ್ಧ ಹಗಲಿನ ದಾರಿ ಅದ," ಎಂದೆ.

"ಆಟೋದಾಗ?"