ಅಧಿಕಾರವಿಲ್ಲದ ಅರ್ಧ ಶತಮಾನ: ವಿಜಯಪುರ ಸೀಮೆಯಿಂದ ಕಂಡ ವಿರೋಧ ಪಕ್ಷದ ರಾಜಕಾರಣ

ಭೀಮಾ ದಂಡೆಯ ಅಗರಖೇಡದಿಂದ ಕೃಷ್ಣೆಯ ದಂಡೆಯ ಆಲಮಟ್ಟಿಯವರೆಗೆ ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ತಾಲೂಕುಗಳು ಹರಡಿವೆ. ಎರಡು ದೊಡ್ಡ ನದಿಗಳ ನಡುವೆ ಇದ್ದೂ ಮಳೆಗಾಗಿ ಮುಗಿಲು ನೋಡಿದ ಸೀಮೆ ಇದು. ಆಲಮಟ್ಟಿ ಅಣೆಕಟ್ಟಿಗೆ ಲಾಲ್ ಬಹಾದ್ದೂರ್ ಶಾಸ್ತ್ರಿ ಅವರು ಅಡಿಗಲ್ಲು ಇಟ್ಟದ್ದು 1964ರ ಮೇ 22ರಂದು. ಅದು ಲೋಕಾರ್ಪಣೆಯಾದದ್ದು 2006ರಲ್ಲಿ. ಈ ನಲವತ್ತೆರಡು ವರ್ಷಗಳ ಬಹುಪಾಲು ರಾಜ್ಯವನ್ನು ಆಳಿದ್ದು ಒಂದೇ ಪಕ್ಷ. ಆ ಪಕ್ಷದ ಎದುರು ನಿಂತು ರಾಜಕಾರಣ ಮಾಡಿದವರ ಬದುಕು ಹೇಗಿತ್ತು, ಅವರಿಂದ ಏನಾಯಿತು ಎಂಬುದನ್ನು ನಮ್ಮಲ್ಲಿ ಯಾರೂ ಒಂದೆಡೆ ಕೂಡಿಸಿ ನೋಡಿದ್ದು ಕಡಿಮೆ. ಗೆದ್ದವರ ಪಟ್ಟಿ ಚುನಾವಣಾ ಆಯೋಗದ ಪುಸ್ತಕದಲ್ಲಿದೆ. ಸೋತು ಸೋತು ನಾಡಿನ ಮುಂದೆ ಪ್ರಶ್ನೆಗಳನ್ನು ಇಟ್ಟವರ ಕತೆ ಅಲ್ಲಿ ಸಿಗುವುದಿಲ್ಲ.

ಮೊದಲು ಆ ಕಾಲದ ಬಲಾಬಲ ನೋಡೋಣ. 1952ರ ಮೈಸೂರು ವಿಧಾನಸಭೆಯ 99 ಸ್ಥಾನಗಳಲ್ಲಿ ಕಾಂಗ್ರೆಸ್ಸಿಗೆ 74 ಬಂದವು. ಕಿಸಾನ್ ಮಜ್ದೂರ್ ಪ್ರಜಾ ಪಕ್ಷಕ್ಕೆ 8, ಸಮಾಜವಾದಿಗಳಿಗೆ ಬರೀ 3. ಆಗ ವಿಜಾಪುರ (ಈಗಿನ ವಿಜಯಪುರ) ಜಿಲ್ಲೆ ಮುಂಬಯಿ ರಾಜ್ಯದಲ್ಲಿತ್ತು. ನಮ್ಮವರು ಆರಿಸಿದ ಶಾಸಕರು ಕೂತದ್ದು ಮುಂಬಯಿಯ ಸಭೆಯಲ್ಲಿ. ಏಕೀಕರಣದ ನಂತರ 1957ರಲ್ಲಿ ನಡೆದ ಮೊದಲ ಚುನಾವಣೆಯಲ್ಲಿ 208ರ ಪೈಕಿ ಕಾಂಗ್ರೆಸ್ 150 ಗೆದ್ದಿತು. ಸ್ವಾತಂತ್ರ್ಯ ಹೋರಾಟ ಮತ್ತು ಏಕೀಕರಣ ಎರಡರ ಕೀರ್ತಿಯೂ ಅದರ ಹೆಸರಿಗಿತ್ತು. ಸಹಕಾರ ಸಂಘದಿಂದ ಹಿಡಿದು ತಾಲೂಕು ಬೋರ್ಡಿನವರೆಗೆ ಊರಿನ ದೊಡ್ಡವರೆಲ್ಲ ಅದರೊಳಗೇ ಇದ್ದರು. ಬಣ ಜಗಳವೂ ಒಳಗೇ, ರಾಜಿಯೂ ಒಳಗೇ.

ರಾಜಕೀಯ ಚಿಂತಕ ರಜನಿ ಕೊಠಾರಿ 1964ರಲ್ಲಿ ಇದನ್ನು ‘ಕಾಂಗ್ರೆಸ್ ವ್ಯವಸ್ಥೆ’ ಎಂದು ಕರೆದರು. ಅವರ ಪ್ರಕಾರ ವಿರೋಧ ಪಕ್ಷಗಳು ಅಧಿಕಾರ ಹಿಡಿಯುವ ಪಕ್ಷಗಳಲ್ಲ, ಒತ್ತಡ ಹೇರುವ ಪಕ್ಷಗಳು. ಹೊರಗಿನಿಂದ ಅವು ಒತ್ತುತ್ತವೆ, ಕಾಂಗ್ರೆಸ್ಸಿನ ಒಳಬಣಗಳು ಆ ಒತ್ತಡವನ್ನು ಬಳಸಿಕೊಳ್ಳುತ್ತವೆ. ಕೊಠಾರಿಯವರ ಮಾತು ಕರ್ನಾಟಕದ ಮಟ್ಟಿಗೆ ಬಹುಪಾಲು ಸರಿ. ಆದರೆ ಒತ್ತುವ ಮನುಷ್ಯನ ಮೈಮೇಲೆ ಅದರಿಂದ ಏನಾಗುತ್ತದೆ ಎಂಬುದು ಆ ಸಿದ್ಧಾಂತದಲ್ಲಿ ಕಾಣುವುದಿಲ್ಲ. ಅದನ್ನು ತಿಳಿಯಲು ಶಾಂತವೇರಿ ಗೋಪಾಲಗೌಡರ ಕಡೆಗೆ ಹೋಗಬೇಕು.

ತೀರ್ಥಹಳ್ಳಿ ತಾಲೂಕಿನ ಆರಗದಲ್ಲಿ 1923ರ ಮಾರ್ಚ್ 14ರಂದು ಹುಟ್ಟಿದ ಗೋಪಾಲಗೌಡರು 1942ರ ಚಳವಳಿಯಲ್ಲಿ ಜೈಲು ಕಂಡವರು. ಅವರ ರಾಜಕಾರಣಕ್ಕೆ ಬುನಾದಿ ಸಿಕ್ಕದ್ದು 1951ರ ಕಾಗೋಡು ಸತ್ಯಾಗ್ರಹದಲ್ಲಿ. ಅಲ್ಲಿನ ಜಗಳದ ಮೂಲದಲ್ಲಿದ್ದದ್ದು ಒಂದು ಅಳತೆಯ ಪಾತ್ರೆ, ಕೊಳಗ. ಗೇಣಿಯ ಭತ್ತ ಅಳೆಯಲು ಜಮೀನುದಾರರ ಮನೆಯಲ್ಲಿದ್ದ ಕೊಳಗ ಸರಕಾರದ ಅಳತೆಗಿಂತ ದೊಡ್ಡದಾಗಿತ್ತು. ಲೆಕ್ಕದಲ್ಲಿ ಗೇಣಿ ಎಷ್ಟೇ ಇರಲಿ, ಪಾತ್ರೆ ದೊಡ್ಡದಾದಷ್ಟೂ ಒಕ್ಕಲಿನವನ ಕಣಜ ಬರಿದಾಗುತ್ತಿತ್ತು. ಎಚ್. ಗಣಪತಿಯಪ್ಪನವರ ರೈತ ಸಂಘ ಎತ್ತಿದ ಈ ಪ್ರಶ್ನೆಯನ್ನು ಸಮಾಜವಾದಿ ಪಕ್ಷ ಕೈಗೆತ್ತಿಕೊಂಡಿತು. ರಾಮಮನೋಹರ ಲೋಹಿಯಾ ಅವರೇ ಬಂದು ಬಂಧನಕ್ಕೊಳಗಾದರು. ಒಂದು ಹಳ್ಳಿಯ ಅಳತೆಯ ತಕರಾರು ‘ಉಳುವವನೇ ಹೊಲದೊಡೆಯ’ ಎಂಬ ಬೇಡಿಕೆಯಾಗಿ ರಾಜ್ಯದ ಮುಂದೆ ನಿಂತಿತು.

ಮರುವರ್ಷ ಗೋಪಾಲಗೌಡರು ಸಾಗರ–ಹೊಸನಗರ ಕ್ಷೇತ್ರದಿಂದ ಕಾಂಗ್ರೆಸ್ಸನ್ನು ಸೋಲಿಸಿ ಆ ಮೂವರು ಸಮಾಜವಾದಿಗಳಲ್ಲಿ ಒಬ್ಬರಾದರು. ಒಂದು ಓಟಿನ ಜೊತೆ ಒಂದು ನೋಟನ್ನೂ ಕೊಡಿ ಎಂದು ಮತದಾರರನ್ನೇ ಕೇಳಿ ಮಾಡಿದ ಚುನಾವಣೆ ಅದು. 1957ರಲ್ಲಿ ಸೋತರು. 1962 ಮತ್ತು 1967ರಲ್ಲಿ ತೀರ್ಥಹಳ್ಳಿಯಿಂದ ಗೆದ್ದರು. ಒಂದು ದಿನವೂ ಮಂತ್ರಿಯಾಗಲಿಲ್ಲ. ಗೇಣಿದಾರರ ಹಕ್ಕು, ಆಡಳಿತದಲ್ಲಿ ಕನ್ನಡ, ರಾಜ್ಯಕ್ಕೆ ಕರ್ನಾಟಕ ಎಂಬ ಹೆಸರು ಇವನ್ನು ಸದನದಲ್ಲಿ ಮತ್ತೆ ಮತ್ತೆ ಎತ್ತಿದರು. ಕೊನೆಯ ವರ್ಷಗಳಲ್ಲಿ ಆರೋಗ್ಯ ಕೈಕೊಟ್ಟಿತು. 1972ರ ಜೂನ್ 9ರಂದು ತೀರಿಕೊಂಡಾಗ ಅವರಿಗೆ 49 ವರ್ಷ.

ನಂತರದ ಎರಡು ದಿನಾಂಕಗಳನ್ನು ಗಮನಿಸಬೇಕು. 1973ರ ನವೆಂಬರ್ 1ರಂದು ರಾಜ್ಯ ಕರ್ನಾಟಕವಾಯಿತು. 1974ರ ಮಾರ್ಚ್ 1ರಂದು ಗೇಣಿ ಪದ್ಧತಿಯನ್ನೇ ರದ್ದು ಮಾಡಿದ ಭೂಸುಧಾರಣಾ ತಿದ್ದುಪಡಿ ಜಾರಿಗೆ ಬಂತು. ಎರಡನ್ನೂ ಮಾಡಿದ್ದು ಡಿ. ದೇವರಾಜ ಅರಸರ ಕಾಂಗ್ರೆಸ್ ಸರಕಾರ. ಅರಸರ ಧೈರ್ಯವನ್ನು ಇದರಿಂದ ಕಡಿಮೆ ಮಾಡಬೇಕಿಲ್ಲ. ಸ್ವಂತ ಪಕ್ಷದ ಭೂಮಾಲೀಕರನ್ನು ಎದುರು ಹಾಕಿಕೊಂಡವರು ಅವರು. ಆದರೆ ಆ ಎರಡೂ ವಿಷಯಗಳನ್ನು ಇಪ್ಪತ್ತು ವರ್ಷ ಸದನದ ಕಡತದಿಂದ ಮರೆಯಾಗದಂತೆ ಕಾದದ್ದು ವಿರೋಧ ಪಕ್ಷದ ಸಾಲು. ಏಕಪಕ್ಷದ ಪ್ರಾಬಲ್ಯವಿರುವ ರಾಜ್ಯದಲ್ಲಿ ವಿರೋಧಿ ರಾಜಕಾರಣಿಯ ಸಾಧನೆ ಹೀಗೆ ಇನ್ನೊಬ್ಬರ ಹೆಸರಿನಲ್ಲಿ ಜಮೆಯಾಗುತ್ತದೆ. ಅದನ್ನು ಅವನ ಖಾತೆಗೂ ಬರೆಯಬೇಕು ಎಂಬುದೇ ನನ್ನ ವಾದ.

ಗೋಪಾಲಗೌಡರ ಸುತ್ತ ಬೆಳೆದವರ ದಾರಿಗಳು ಬೇರೆ ಬೇರೆಯಾದವು. ಜೆ.ಎಚ್. ಪಟೇಲರು 1967ರಲ್ಲಿ ಶಿವಮೊಗ್ಗದಿಂದ ಲೋಕಸಭೆಗೆ ಹೋಗಿ ಅಲ್ಲಿ ಕನ್ನಡದಲ್ಲಿ ಮಾತಾಡಿದ ಮೊದಲಿಗರಾದರು. ಮೂರು ದಶಕದ ಬಳಿಕ ಮುಖ್ಯಮಂತ್ರಿಯಾದರು. ಎಸ್. ಬಂಗಾರಪ್ಪ, ಕಾಗೋಡು ತಿಮ್ಮಪ್ಪ ಕಾಂಗ್ರೆಸ್ಸಿಗೆ ಹೋದರು. ಒಬ್ಬರು ಮುಖ್ಯಮಂತ್ರಿ, ಇನ್ನೊಬ್ಬರು ಸಭಾಧ್ಯಕ್ಷರಾದರು. ವಿರೋಧಿಯನ್ನು ಸೋಲಿಸುವುದಕ್ಕಿಂತ ಒಳಗೆ ಕರೆದುಕೊಳ್ಳುವುದು ಪ್ರಬಲ ಪಕ್ಷದ ಹಳೆಯ ಜಾಣತನ. ಯು.ಆರ್. ಅನಂತಮೂರ್ತಿಯವರ ‘ಅವಸ್ಥೆ’ ಕಾದಂಬರಿ ಗೋಪಾಲಗೌಡರ ಬದುಕಿನ ನೆರಳಿನಲ್ಲಿ ಬರೆದದ್ದು. ಕರ್ನಾಟಕದ ವಿರೋಧ ರಾಜಕಾರಣಕ್ಕೆ ಸಾಹಿತ್ಯದಲ್ಲಿ ಸಿಕ್ಕ ಜಾಗ ಇತಿಹಾಸದ ಪುಸ್ತಕಗಳಲ್ಲಿ ಸಿಕ್ಕಿಲ್ಲ.

ಇನ್ನು ನಮ್ಮ ಸೀಮೆ. ಇಲ್ಲಿ ಸಮಾಜವಾದಿಗಳಿಗೆ ಮಲೆನಾಡಿನಂಥ ನೆಲ ಸಿಗಲಿಲ್ಲ. ಮುಂಬಯಿ ರಾಜ್ಯದ 1948ರ ಗೇಣಿ ಕಾನೂನು ಇಲ್ಲಿ ಮೊದಲೇ ಜಾರಿಯಲ್ಲಿತ್ತು, ಒಣಬೇಸಾಯದ ಕಷ್ಟವೂ ಬೇರೆ ಥರದ್ದು. ಹಾಗಂತ ಈ ಭಾಗ ಕಾಂಗ್ರೆಸ್ಸಿಗೆ ಕಣ್ಣುಮುಚ್ಚಿ ಓಟು ಹಾಕಿದ್ದಲ್ಲ. 1957ರಲ್ಲಿ ವಿಜಾಪುರ ಉತ್ತರ ಲೋಕಸಭಾ ಕ್ಷೇತ್ರದಿಂದ ಪಕ್ಷೇತರರಾಗಿ ಎಂ.ಎಸ್. ಸುಗಂಧಿ ಗೆದ್ದರು. 1967ರಲ್ಲಿ ಸ್ವತಂತ್ರ ಪಕ್ಷದ ಜಿ.ಡಿ. ಪಾಟೀಲರು ಗೆದ್ದರು, ಆ ವರ್ಷ ರಾಜ್ಯದ 27 ಲೋಕಸಭಾ ಸ್ಥಾನಗಳಲ್ಲಿ ಸ್ವತಂತ್ರ ಪಕ್ಷಕ್ಕೆ ಬಂದದ್ದು 5. ಮಲೆನಾಡಿನ ವಿರೋಧ ಗೇಣಿದಾರನ ಕಡೆಯಿಂದ ಹುಟ್ಟಿದರೆ, ಭೂಮಿತಿಗೂ ಸರಕಾರದ ಹಿಡಿತಕ್ಕೂ ಎದುರಾಗಿದ್ದ ಸ್ವತಂತ್ರ ಪಕ್ಷದ್ದು ನೇರ ವಿರುದ್ಧ ದಿಕ್ಕು. ವಿರೋಧ ಪಕ್ಷ ಎಂಬ ಒಂದೇ ಹೆಸರಿನಡಿ ಈ ಎರಡನ್ನೂ ಸೇರಿಸುವವರು ಇದನ್ನು ಮರೆಯಬಾರದು.

1962ರ ಪ್ರಸಂಗವೊಂದು ಪ್ರಾಬಲ್ಯದ ರೀತಿಯನ್ನು ಚೆನ್ನಾಗಿ ತೋರಿಸುತ್ತದೆ. ಮುಖ್ಯಮಂತ್ರಿಯಾಗಬೇಕಿದ್ದ ಎಸ್. ನಿಜಲಿಂಗಪ್ಪನವರನ್ನು ಹೊಸದುರ್ಗದಲ್ಲಿ ಪ್ರಜಾ ಸಮಾಜವಾದಿ ಪಕ್ಷದ ಜಿ.ಟಿ. ರಂಗಪ್ಪ ಸೋಲಿಸಿದರು. ವಿರೋಧ ಪಕ್ಷಕ್ಕೆ ಇದಕ್ಕಿಂತ ದೊಡ್ಡ ಗೆಲುವು ಬೇಕೆ? ಆದರೆ ಆಗ ನಮ್ಮದೇ ಜಿಲ್ಲೆಯಲ್ಲಿದ್ದ ಹುನಗುಂದದ ಎಸ್.ಆರ್. ಕಂಠಿಯವರು ಕೆಲವು ತಿಂಗಳು ಮುಖ್ಯಮಂತ್ರಿಯಾಗಿದ್ದರು, ಆಗ ವಿಜಾಪುರ ಜಿಲ್ಲೆಯಲ್ಲೇ ಇದ್ದ ಬಾಗಲಕೋಟೆ ಕ್ಷೇತ್ರ ತೆರವಾಯಿತು, ನಿಜಲಿಂಗಪ್ಪನವರು ಅಲ್ಲಿಂದ ಆರಿಸಿ ಬಂದು ಅದೇ ಜೂನಿನಲ್ಲಿ ಪಟ್ಟಕ್ಕೇರಿದರು. ರಂಗಪ್ಪನವರ ಗೆಲುವು ಒಂದು ಬೇಸಿಗೆಯೊಳಗೆ ಅರ್ಥ ಕಳೆದುಕೊಂಡಿತು.

1969ರಲ್ಲಿ ಕಾಂಗ್ರೆಸ್ ಒಡೆದ ನಂತರ ಚಿತ್ರ ಬದಲಾಯಿತು. ಅದೇ ನಿಜಲಿಂಗಪ್ಪನವರ ಸಂಸ್ಥಾ ಕಾಂಗ್ರೆಸ್ 1972ರಲ್ಲಿ 24 ಸ್ಥಾನ ಪಡೆದು ವಿರೋಧದ ಸಾಲಿಗೆ ಬಂತು. ಹತ್ತು ವರ್ಷ ಮುಂಚೆ ಪಕ್ಷೇತರರಾಗಿ ಹೊಳೆನರಸೀಪುರದಿಂದ ಗೆದ್ದಿದ್ದ ಎಚ್.ಡಿ. ದೇವೇಗೌಡರು ವಿರೋಧ ಪಕ್ಷದ ನಾಯಕರಾದರು. ತುರ್ತು ಪರಿಸ್ಥಿತಿಯಲ್ಲಿ ಅವರೂ ಜೈಲು ಸೇರಿದರು. 1977ರಲ್ಲಿ ದೇಶವೇ ಇಂದಿರಾ ಗಾಂಧಿಯವರನ್ನು ಇಳಿಸಿದಾಗ ಕರ್ನಾಟಕ 28ರಲ್ಲಿ 26 ಸ್ಥಾನ ಕಾಂಗ್ರೆಸ್ಸಿಗೇ ಕೊಟ್ಟಿತು. 1983ರ ಜನವರಿಯಲ್ಲಿ ರಾಮಕೃಷ್ಣ ಹೆಗಡೆಯವರು ಮೊದಲ ಕಾಂಗ್ರೆಸ್ಸೇತರ ಸರಕಾರ ರಚಿಸಿದಾಗ ಜನತಾ ಪಕ್ಷಕ್ಕಿದ್ದದ್ದು 95 ಸ್ಥಾನ. ಬಿಜೆಪಿ ಮತ್ತಿತರರ ಬೆಂಬಲದಿಂದ ಅದು ನಿಂತಿತು. ಆ ಅಲೆಯಲ್ಲಿ ಮುದ್ದೇಬಿಹಾಳದಿಂದ ಜಗದೇವರಾವ ದೇಶಮುಖರು, ಬಳ್ಳೊಳ್ಳಿ ಮೀಸಲು ಕ್ಷೇತ್ರದಿಂದ ರಮೇಶ ಜಿಗಜಿಣಗಿ ಗೆದ್ದರು. ಇಂದಿರಾ ಹತ್ಯೆಯ ನಂತರದ 1984ರ ಚುನಾವಣೆಯಲ್ಲಿ ರಾಜ್ಯದಲ್ಲಿ ಜನತಾ ಪಕ್ಷ ಉಳಿಸಿಕೊಂಡ ನಾಲ್ಕೇ ಲೋಕಸಭಾ ಸ್ಥಾನಗಳಲ್ಲಿ ವಿಜಾಪುರವೂ ಒಂದು, ಗೆದ್ದವರು ಎಸ್.ಎಂ. ಗುರಡ್ಡಿ. ಅಂಥ ಅನುಕಂಪದ ಗಾಳಿಯಲ್ಲೂ ಈ ಒಣನೆಲ ಬೇರೆ ಮಾತು ಹೇಳಿತು ಎಂಬುದು ನಮಗೆ ಹೆಮ್ಮೆಯ ಸಂಗತಿ.

ಆಮೇಲೆ ಪಕ್ಷಗಳು ಒಡೆದವು, ಕೂಡಿದವು, ಹೆಸರು ಬದಲಿಸಿದವು. ಇಂಡಿಯ ಮತದಾರರು 1994, 1999, 2004ರಲ್ಲಿ ಸತತ ಮೂರು ಬಾರಿ ಪಕ್ಷೇತರ ರವಿಕಾಂತ ಪಾಟೀಲರನ್ನು ಆರಿಸಿದರು. ಯಾವ ಪಕ್ಷದ ಮೇಲೂ ಭರವಸೆ ಉಳಿದಿರಲಿಲ್ಲ ಎಂದೇ ನಾನು ಅದನ್ನು ಓದುತ್ತೇನೆ.

ಈ ಭಾಗದ ವಿರೋಧಿ ರಾಜಕಾರಣಿಯ ಬದುಕಿಗೆ ಒಬ್ಬರನ್ನು ಹೆಸರಿಸಬೇಕೆಂದರೆ ನಾನು ಸಿಂದಗಿಯ ಎಂ.ಸಿ. ಮನಗೂಳಿಯವರನ್ನು ಹೆಸರಿಸುತ್ತೇನೆ. 1994ರಲ್ಲಿ ಜನತಾ ದಳದಿಂದ ಶಾಸಕರಾದರು. ಗುತ್ತಿ ಬಸವಣ್ಣ ಏತ ನೀರಾವರಿ ಯೋಜನೆ ಆಗುವ ತನಕ ಚಪ್ಪಲಿ ಹಾಕುವುದಿಲ್ಲ ಎಂದು ಹಟ ಹಿಡಿದು ಬರಿಗಾಲಲ್ಲಿ ಓಡಾಡಿದರು. ಈ ಕಡೆಯ ಎರಿ ಹೊಲದಲ್ಲಿ ಬೇಸಿಗೆಯಲ್ಲಿ ಬರಿಗಾಲಿಟ್ಟು ನಡೆದವರಿಗೆ ಆ ಹಟದ ಬೆಲೆ ಗೊತ್ತು. ಮತ್ತೊಮ್ಮೆ ಗೆಲ್ಲಲು ಅವರು 24 ವರ್ಷ ಕಾದರು. ದಳ ಈ ಭಾಗದಲ್ಲಿ ಕರಗುತ್ತಿದ್ದಾಗಲೂ ಅದನ್ನು ಬಿಡಲಿಲ್ಲ. 2018ರಲ್ಲಿ ಎಂಬತ್ತು ದಾಟಿದ ವಯಸ್ಸಿನಲ್ಲಿ ಗೆದ್ದು ತೋಟಗಾರಿಕೆ ಸಚಿವರಾದರು. 2021ರ ಜನವರಿಯಲ್ಲಿ ತೀರಿಕೊಂಡರು. ಅವರ ಮಗ ಅಶೋಕ ಮನಗೂಳಿ ಕಾಂಗ್ರೆಸ್ ಸೇರಿ, ಉಪಚುನಾವಣೆಯಲ್ಲಿ ಸೋತು, 2023ರಲ್ಲಿ ಅದೇ ಸಿಂದಗಿಯಿಂದ ಗೆದ್ದರು. ತಂದೆಯ ತಾಳ್ಮೆಯ ರಾಜಕಾರಣಕ್ಕೆ ಈಗ ಜಾಗವಿಲ್ಲ ಎಂಬುದು ಇದರಿಂದ ತಿಳಿಯುತ್ತದೆ. ಮಗನೊಬ್ಬನ ತಪ್ಪು ಎಂದು ಹೇಳುವುದು ಅನ್ಯಾಯ. ಚುನಾವಣೆಯ ಖರ್ಚು ಏರಿದೆ, ಸೋತವನ ಬೆನ್ನಿಗೆ ನಿಲ್ಲುವ ಸಂಘಟನೆಗಳು ಕುಗ್ಗಿವೆ. ವಿರೋಧದ ಸಾಲು ಇಂದು ಅನೇಕರಿಗೆ ಮುಂದಿನ ಅಧಿಕಾರದ ತನಕ ಕಾಯುವ ಜಾಗ ಮಾತ್ರ.

2023ರಲ್ಲಿ ವಿಜಯಪುರ ಜಿಲ್ಲೆಯ ಎಂಟು ವಿಧಾನಸಭಾ ಸ್ಥಾನಗಳಲ್ಲಿ ಆರು ಕಾಂಗ್ರೆಸ್ಸಿಗೆ ಬಂದವು. ಇಂಡಿ, ಸಿಂದಗಿ, ಮುದ್ದೇಬಿಹಾಳ, ಬಸವನ ಬಾಗೇವಾಡಿ ನಾಲ್ಕೂ ಅದರಲ್ಲಿ ಸೇರಿವೆ. ಗೋಪಾಲಗೌಡರ ಮಾತುಗಳು ಸದನದ ನಡಾವಳಿಯಲ್ಲಾದರೂ ಉಳಿದಿವೆ. ನಮ್ಮ ತಾಲೂಕುಗಳಲ್ಲಿ ಸೋಲು ಖಚಿತವೆಂದು ಗೊತ್ತಿದ್ದೂ ಠೇವಣಿ ಕಟ್ಟಿ ನಿಂತವರು, ಅವರಿಗಾಗಿ ಸೈಕಲ್ ಮೇಲೆ ಊರೂರು ತಿರುಗಿದವರು ಯಾವ ನಡಾವಳಿಯಲ್ಲೂ ಇಲ್ಲ. ಅವರಲ್ಲಿ ಬದುಕಿರುವವರು ಈಗ ಎಂಬತ್ತರ ಆಚೆ ಈಚೆ ಇದ್ದಾರೆ. ಅಗರಖೇಡದಲ್ಲೋ ತಾಳಿಕೋಟೆಯಲ್ಲೋ ನಿಮ್ಮ ಮನೆಯಲ್ಲಿ ಅಂಥ ಹಿರಿಯರಿದ್ದರೆ, ಅವರ ಹಳೆಯ ಕರಪತ್ರ, ಪತ್ರ, ಫೋಟೊಗಳನ್ನು ರದ್ದಿಗೆ ಹಾಕಬೇಡಿ. ಎದುರು ಕೂತು ಅವರ ಮಾತನ್ನು ಬರೆದುಕೊಳ್ಳಿ.